ಟ್ರಬಲ್ ಹೌಸ್ ಹಾಲ್ಟ್ ಮುಚ್ಚಿದ್ದು 5ಕ್ಕಾ, 6ಕ್ಕಾ?

ಇಂಗ್ಲೆಂಡಿನ ಹಳೇ ಬ್ರಾಂಚ್ ಲೈನುಗಳ ಬಗ್ಗೆ ಓದುತ್ತಿದ್ದೇನೆ. ಟ್ರಬಲ್ ಹೌಸ್ ಹಾಲ್ಟ್ ಎಂಬ ಪುಟ್ಟ ನಿಲ್ದಾಣ ಮುಚ್ಚಿದ ಒಂದೇ ಒಂದು ತಾರೀಖು ನನ್ನ ಎರಡು ಸಂಜೆ ತಿಂದುಹಾಕಿತು. ಮರೆಯುವ ಮುಂಚೆ ಬರೆದಿಡುತ್ತೇನೆ, ನಿಮಗಾದರೂ ಆ ಎರಡು ಸಂಜೆ ಉಳಿಯಲಿ.

ಲೈನು

ಗ್ಲಾಸ್ಟರ್‌ಶೈರ್‌ನಲ್ಲಿ ಕೆಂಬಲ್ ಅನ್ನುವ ಸ್ಟೇಷನ್ ಇದೆ. ಸ್ವಿಂಡನ್‌ನಿಂದ ಗ್ಲಾಸ್ಟರ್‌ಗೆ ಹೋಗುವ ದಾರಿಯಲ್ಲಿ ಇವತ್ತಿಗೂ ರೈಲು ನಿಲ್ಲುತ್ತದೆ. ಅಲ್ಲಿಂದ ಟೆಟ್‌ಬರಿ ಎಂಬ ಸಣ್ಣ ಪೇಟೆಗೆ ಏಳು ಮೈಲಿ ಚಿಲ್ಲರೆಯ ಒಂದು ಕವಲು ಹೋಗುತ್ತಿತ್ತು. ಗ್ರೇಟ್ ವೆಸ್ಟರ್ನ್ ರೈಲ್ವೆ ಅದನ್ನು 1889ರ ಡಿಸೆಂಬರ್ 2ರಂದು ತೆರೆಯಿತು. 1964ರಲ್ಲಿ ಆ ಕವಲು ಮುಚ್ಚಿಹೋಯಿತು. ಅಷ್ಟೇ ಕಥೆ, ಉಳಿದದ್ದು ವಿವರ.

ಮುಚ್ಚುವ ಐದು ವರ್ಷ ಮುಂಚೆ ಹೊಸ ಸ್ಟೇಷನ್ ಯಾಕೆ?

ಲೈನು ನಷ್ಟದಲ್ಲಿತ್ತು. ಖರ್ಚು ಇಳಿಸೋಣ ಅಂತ 1959ರ ಫೆಬ್ರವರಿ 2ರಿಂದ ಉಗಿಬಂಡಿ ಬಿಟ್ಟು ರೈಲ್‌ಬಸ್ ಓಡಿಸಿದರು. ನಾಲ್ಕೇ ಚಕ್ರದ, ಒಂಟಿ ಡೀಸೆಲ್ ಬಂಡಿ, ಒಳಗೆ 46 ಸೀಟು. ಮಾಡಿಕೊಟ್ಟದ್ದು ಸ್ಪೋರ್ಟ್ಸ್ ಕಾರಿಗೆ ಹೆಸರಾದ ಎಸಿ ಕಾರ್ಸ್ ಕಂಪನಿ! ಬಸ್ಸಿನ ಹಾಗೆ ಅಲ್ಲಲ್ಲಿ ನಿಲ್ಲಬಹುದಲ್ಲ, ಹಾಗಾಗಿ ಅದೇ ದಿನ ಹೊಸ ಹಾಲ್ಟ್‌ಗಳೂ ಶುರುವಾದವು. ಹಾಲ್ಟ್ ಅಂದರೆ ಗೊತ್ತಲ್ಲ, ನಮ್ಮ ಚಿಕ್ಕಬಳ್ಳಾಪುರ ಲೈನಿನ ನಂದಿ ಹಾಲ್ಟ್ ಹೆಸರಿನಲ್ಲೇ ಇದೆ.

ಅವುಗಳಲ್ಲಿ ಒಂದು ಟ್ರಬಲ್ ಹೌಸ್ ಹಾಲ್ಟ್. ಊರಿಲ್ಲ, ಕೇರಿಯಿಲ್ಲ. ಟೆಟ್‌ಬರಿ–ಸೈರನ್‌ಸೆಸ್ಟರ್ ರಸ್ತೆಯ ಬದಿಗೆ ಟ್ರಬಲ್ ಹೌಸ್ ಅನ್ನುವ ಒಂದು ಪಬ್, ಅದಕ್ಕೊಂದು ನಿಲ್ದಾಣ. ಪಬ್ ಒಂದಕ್ಕೆಂದೇ ಮಾಡಿದ ಸ್ಟೇಷನ್ ಎಂಬ ಖ್ಯಾತಿ ಇದಕ್ಕಿದೆ. ಎತ್ತರದ ಪ್ಲಾಟ್‌ಫಾರ್ಮ್ ಇರಲಿಲ್ಲ. ಬಿಯರ್ ಬಾಟಲಿಯ ಕ್ರೇಟು ಮಗುಚಿ ಹಾಕಿ, ಅದರ ಮೇಲೆ ಕಾಲಿಟ್ಟು ಬಂಡಿ ಹತ್ತುತ್ತಿದ್ದರಂತೆ. ನನಗೆ ಈ ಇಡೀ ಲೈನು ನೆನಪಿರುವುದೇ ಆ ಕ್ರೇಟಿನಿಂದ.

ಜನ ಜಾಸ್ತಿ ಹತ್ತಿದರು, ಆದರೂ ಲೆಕ್ಕ ಕೂಡಿಬರಲಿಲ್ಲ.

ನಾನು ಎಡವಿದ ಜಾಗ

ಟಿಪ್ಪಣಿಯಲ್ಲಿ ಒಂದು ಕಡೆ “ಮುಚ್ಚಿದ್ದು 1964 ಏಪ್ರಿಲ್ 6” ಎಂದು ಬರೆದುಕೊಂಡಿದ್ದೆ. ಇನ್ನೊಂದು ಕಡೆ “ಕೊನೆಯ ರೈಲು ಏಪ್ರಿಲ್ 5”. ಯಾವುದೋ ಒಂದು ತಪ್ಪು ಅಂದುಕೊಂಡು 5 ಅನ್ನು ಹೊಡೆದುಹಾಕಿದೆ. ಮರುದಿನ ಅದನ್ನೇ ವಾಪಸ್ ಬರೆದು 6 ಅನ್ನು ಹೊಡೆದೆ. ಎರಡೂ ಸರಿ ಅಂತ ಹೊಳೆಯಲೇ ಇಲ್ಲ!

ಅಂಗಡಿಯವನು “ಸೋಮವಾರದಿಂದ ಅಂಗಡಿ ಇಲ್ಲ” ಅಂತ ಬೋರ್ಡ್ ಹಾಕುತ್ತಾನೆ ಅಂದುಕೊಳ್ಳಿ. ಅಂಗಡಿ ಮುಚ್ಚಿದ್ದು ಯಾವತ್ತು ಅಂದರೆ ಬೋರ್ಡಿನ ಪ್ರಕಾರ ಸೋಮವಾರ. ಆದರೆ ನೀವು ಕೊನೆಯ ಸಲ ಸಕ್ಕರೆ ತಂದದ್ದು ಭಾನುವಾರ. ಅಲ್ಲಿನ ರೈಲ್ವೆ ದಾಖಲೆಯೂ ಹೀಗೇ. ಮುಚ್ಚಿದ ತಾರೀಖು ಅಂದರೆ ರೈಲು ಇಲ್ಲದ ಮೊದಲ ದಿನ. ಅದು ಸಾಮಾನ್ಯವಾಗಿ ಸೋಮವಾರ ಬೀಳುತ್ತದೆ.

ಇನ್ನೊಂದು ಗಂಟು. ಎಷ್ಟೋ ಬ್ರಾಂಚ್ ಲೈನುಗಳಲ್ಲಿ ಭಾನುವಾರ ರೈಲೇ ಇರುತ್ತಿರಲಿಲ್ಲ. ಅಂಥ ಕಡೆ ಸೋಮವಾರ ಮುಚ್ಚಿದರೆ ಕೊನೆಯ ರೈಲು ಶನಿವಾರದ್ದು. ಅಂದರೆ ಒಂದು ದಿನ ಅಲ್ಲ, ಎರಡು ದಿನದ ವ್ಯತ್ಯಾಸ. ಟೆಟ್‌ಬರಿ ಲೈನಿನಲ್ಲಿ ಭಾನುವಾರವೂ ಓಡಿತು, ಅದಕ್ಕೇ 5. ಸುಮ್ನೆ “ಒಂದು ಕಳೆ” ಅಂತ ಎಲ್ಲ ಕಡೆ ಸೂತ್ರ ಹಾಕಬೇಡಿ.

ತೆರೆದ ತಾರೀಖಿಗೆ ಈ ತಾಪತ್ರಯ ಇಲ್ಲ. ಅದು ಮೊದಲ ರೈಲು ಓಡಿದ ದಿನವೇ.

ನನ್ನ ಶಾರ್ಟ್‌ಕಟ್: ಮುಚ್ಚಿದ ತಾರೀಖು ಸಿಕ್ಕ ತಕ್ಷಣ ಫೋನಿನ ಕ್ಯಾಲೆಂಡರ್ ತೆಗೆದು ವಾರ ನೋಡಿ. ಸೋಮವಾರ ಬಂದರೆ ಅದು ಬೋರ್ಡಿನ ತಾರೀಖು. ಶನಿವಾರವೋ ಭಾನುವಾರವೋ ಬಂದರೆ ಬಹುಶಃ ಕೊನೆಯ ರೈಲಿನದು. ಇದೇ ಲೈನಿನ ಕಲ್ಕರ್ಟನ್ ಸ್ಟೇಷನ್ ಮೇಲೆ ಪ್ರಯೋಗ ಮಾಡಿದೆ. ಅದು 1956ರ ಮಾರ್ಚ್ 5ಕ್ಕೆ ಮುಚ್ಚಿ, ರೈಲ್‌ಬಸ್ ಬಂದ ದಿನ ಮತ್ತೆ ತೆರೆದು, 1964ರಲ್ಲಿ ಮತ್ತೆ ಮುಚ್ಚಿತು. 1956ರದ್ದು ಸೋಮವಾರ, 1964ರದ್ದೂ ಸೋಮವಾರ. ಲೈನು ಶುರುವಾದ 1889ರ ದಿನವೂ ಸೋಮವಾರವೇ, ಅಲ್ವಾ ಮಜಾ? (ಕಲ್ಕರ್ಟನ್‌ಗೆ ಎರಡು ಮುಚ್ಚಿದ ತಾರೀಖು ಇವೆ ಅನ್ನುವುದನ್ನೂ ಗುರುತು ಹಾಕಿಕೊಳ್ಳಿ. ಒಂದನ್ನೇ ಬರೆದರೆ ನಡುವಿನ ಮೂರು ವರ್ಷದ ಖಾಲಿ ಕಾಣುವುದೇ ಇಲ್ಲ.)

ಈಗ ಲೆಕ್ಕ ಸಲೀಸು. ಟ್ರಬಲ್ ಹೌಸ್ ಹಾಲ್ಟ್‌ನ ಆಯುಸ್ಸು ಐದು ವರ್ಷ ಎರಡು ತಿಂಗಳು. ಲೈನಿನದು 74 ವರ್ಷ ನಾಲ್ಕು ತಿಂಗಳು.

ಬೀಚಿಂಗ್, ಚುಟುಕಾಗಿ

ಲೈನು ಮುಚ್ಚಿದ್ದರ ಹಿನ್ನೆಲೆ ಎಲ್ಲ ಕಡೆ ಸಿಗುತ್ತದೆ, ಎರಡೇ ಮಾತು. ಬ್ರಿಟಿಷ್ ರೈಲ್ವೆಯ ಮುಖ್ಯಸ್ಥ ರಿಚರ್ಡ್ ಬೀಚಿಂಗ್ ಅವರ ವರದಿ 1963ರ ಮಾರ್ಚ್ 27ಕ್ಕೆ ಹೊರಬಂತು. 2,363 ಸ್ಟೇಷನ್‌ಗಳು, ಸುಮಾರು 5,000 ಮೈಲಿ ಹಳಿ ಮುಚ್ಚಿ ಎಂದಿತು. ಪ್ರಯಾಣಿಕರ ಎಣಿಕೆಗೆ ಆಧಾರ 1961ರ ಏಪ್ರಿಲ್‌ನ ಒಂದೇ ಒಂದು ವಾರ. ರಜೆಯ ಕಾಲದಲ್ಲಿ ತುಂಬುವ ಲೈನುಗಳಿಗೆ ಇದು ಅನ್ಯಾಯ ಅಂತ ಆಗಲೇ ಗಲಾಟೆ ಆಗಿತ್ತು. ನನಗೂ ಹಾಗೇ ಅನಿಸುತ್ತದೆ. ಟೆಟ್‌ಬರಿಯಲ್ಲಿ ಗೂಡ್ಸ್ 1963ರಲ್ಲೇ ನಿಂತಿತು, ಪ್ರಯಾಣಿಕರದ್ದು ಆಮೇಲೆ. ಬಹಳ ಕಡೆ ಇದು ಉಲ್ಟಾ.

ಕೊನೆಯ ದಿನ

ಪಬ್‌ನವರು ಒಂದು ಶವಪೆಟ್ಟಿಗೆ ಮಾಡಿದರು. ಅದರ ತುಂಬ ಖಾಲಿ ವಿಸ್ಕಿ ಬಾಟಲಿ. ವಿಳಾಸ: ಡಾ. ಬೀಚಿಂಗ್. ಹಾಲ್ಟ್‌ನಲ್ಲಿ ರೈಲ್‌ಬಸ್ಸಿಗೆ ಹತ್ತಿಸಿದರು, ಕೆಂಬಲ್‌ನಲ್ಲಿ ಲಂಡನ್ನಿನ ಪ್ಯಾಡಿಂಗ್ಟನ್ ರೈಲಿಗೆ ಬದಲಾಯಿಸಿದರು. ಕೊನೆಯ ಬಂಡಿ ಬರುವ ಹೊತ್ತಿಗೆ ಟ್ರಬಲ್ ಹೌಸ್ ಹತ್ತಿರ ಹಳಿಯ ಮೇಲೆ ಹುಲ್ಲಿನ ಪೆಂಡಿಗಳು ಉರಿಯುತ್ತಿದ್ದವು.

ಟೆಟ್‌ಬರಿಯಲ್ಲಿ ಗೂಡ್ಸ್ ಶೆಡ್ ಇನ್ನೂ ನಿಂತಿದೆ. ಈಗ ಅಲ್ಲಿ ಸಂಗೀತ, ನಾಟಕ ನಡೆಯುತ್ತವೆ.