ಕಾರ್ನಾಡರ ಸಿನಿಮಾ ವರ್ಷಗಳು: 52 ಕೂಡಿಸಿದರೆ ಸಾಕು

ಮೊನ್ನೆಯ ಮಾಕ್ ಟೆಸ್ಟಿನಲ್ಲಿ ಗಿರೀಶ ಕಾರ್ನಾಡರ ಮೇಲೆ ಮೂರು ಪ್ರಶ್ನೆ ಬಂದಿದ್ದವು. ಮೂರೂ ತಪ್ಪಿದೆ. ನಾನು ಇರುವುದು ಧಾರವಾಡದ ಸಪ್ತಾಪುರದಲ್ಲಿ, ಅವರು ಓದಿದ ಕರ್ನಾಟಕ ಕಾಲೇಜು ಇದೇ ಊರಿನಲ್ಲಿ, ಆದರೂ ಈ ಗತಿ! ನಾಟಕಗಳು ಎಲ್ಲರಿಗೂ ಬಾಯಿಪಾಠ ಇರುತ್ತವೆ, ಅದನ್ನು ಬಿಡುತ್ತೇನೆ. ಸಿನಿಮಾ ಮಾತ್ರ ನೋಡೋಣ.

ಮೊದಲ ತಪ್ಪು: 'ಸಂಸ್ಕಾರ' (1970) ಅವರ ನಿರ್ದೇಶನ ಅಂತ ಬರೆದೆ. ಅಲ್ಲ. ನಿರ್ದೇಶಕರು ಪಟ್ಟಾಭಿರಾಮ ರೆಡ್ಡಿ. ಕಾರ್ನಾಡರು ಚಿತ್ರಕಥೆ ಬರೆದು ಪ್ರಾಣೇಶಾಚಾರ್ಯನ ಪಾತ್ರ ಮಾಡಿದರು. ಅದೇ ವರ್ಷವೇ ಮದ್ರಾಸಿನ ಆಕ್ಸ್‌ಫರ್ಡ್ ಪ್ರೆಸ್ಸಿನ ಏಳು ವರ್ಷದ ನೌಕರಿಯನ್ನೂ ಬಿಟ್ಟರು.

ಎರಡನೆಯದು ತಲೆ ಕೆಡಿಸಿತು. 'ವಂಶವೃಕ್ಷ'ಕ್ಕೆ ಬಂದ ಅತ್ಯುತ್ತಮ ನಿರ್ದೇಶನದ ರಾಷ್ಟ್ರಪ್ರಶಸ್ತಿ ಯಾವ ವರ್ಷದ್ದು? ಸಿನಿಮಾ ಥಿಯೇಟರಿಗೆ ಬಂದದ್ದು 1972ರಲ್ಲಿ, ಹಾಗಾಗಿ 1972 ಅಂದೆ. ಸರಿ ಉತ್ತರ 1971. ಯಾಕೆ? ಪ್ರಶಸ್ತಿಗೆ ಲೆಕ್ಕ ಹಿಡಿಯುವುದು ಸೆನ್ಸಾರ್ ಸರ್ಟಿಫಿಕೇಟ್ ಸಿಕ್ಕ ವರ್ಷವನ್ನು. ಥಿಯೇಟರಿಗೆ ಬಂದ ವರ್ಷವನ್ನಲ್ಲ, ದಿಲ್ಲಿಯಲ್ಲಿ ಪ್ರಶಸ್ತಿ ಕೊಟ್ಟ ವರ್ಷವನ್ನೂ ಅಲ್ಲ. ಮಾರ್ಚ್ ಪರೀಕ್ಷೆಯ ಮಾರ್ಕ್ಸ್ ಕಾರ್ಡ್ ಆಗಸ್ಟಿನಲ್ಲಿ ಕೈಗೆ ಬಂದರೂ ಅದರ ಮೇಲೆ ಮಾರ್ಚ್ ಅಂತಲೇ ಇರುತ್ತದೆ, ಅಲ್ವಾ? ಹಾಗೆ.

ಇದನ್ನು ರೂಮ್‌ಮೇಟ್ ಮುಂದೆ ಹೇಳಿಕೊಂಡು ಗೋಳಾಡಿದೆ. ಗಿರ್ಮಿಟ್ ತಿನ್ನುತ್ತಿದ್ದವನು ತಲೆ ಎತ್ತದೆ, 'ಲೇ, ಪ್ರಶಸ್ತಿ ನಂಬರಿಗೆ 52 ಕೂಡಿಸಲೇ, ಮುಗೀತು' ಅಂದ. ಸುಮ್ನೆ ಹೇಳ್ತಾನೆ ಅಂದುಕೊಂಡೆ. ಕೂಡಿಸಿ ನೋಡಿದೆ. 'ವಂಶವೃಕ್ಷ' 19ನೇ ರಾಷ್ಟ್ರಪ್ರಶಸ್ತಿ: 71, ಅಂದರೆ 1971. 'ಕಾಡು' 21ನೇದು: 73. 'ತಬ್ಬಲಿಯು ನೀನಾದೆ ಮಗನೆ' 25: 77. 'ಒಂದಾನೊಂದು ಕಾಲದಲ್ಲಿ' 26: 78. 'ಕಾನೂರು ಹೆಗ್ಗಡಿತಿ' 47: 99. ಎಲ್ಲವೂ ಕೂತವು! ಮೊದಲ ಪ್ರಶಸ್ತಿ 1953ರ ಚಿತ್ರಗಳಿಗೆ, ಆಮೇಲೆ ಒಂದು ವರ್ಷವೂ ತಪ್ಪಿಲ್ಲ, ಅದಕ್ಕೇ ಇದು ನಡೆಯುತ್ತದೆ. ಕೊರೊನಾದಿಂದ 67ನೇದು 2021ರಲ್ಲಿ ಘೋಷಣೆಯಾದರೂ ಅದು 2019ರ ಚಿತ್ರಗಳಿಗೇ. 67ಕ್ಕೆ 52 ಕೂಡಿಸಿದರೆ 119 ಬರುತ್ತದೆ, ಗಾಬರಿಯಾಗಬೇಡಿ. 1900ಕ್ಕೆ ಸೇರಿಸಿದರೆ 2019.

ಕಾದಂಬರಿಕಾರರಿಗೂ ಒಂದು ಗುರುತು ಇಟ್ಟುಕೊಂಡಿದ್ದೇನೆ. ಬಿ.ವಿ. ಕಾರಂತರ ಜೊತೆ ಸೇರಿ ನಿರ್ದೇಶಿಸಿದ 'ವಂಶವೃಕ್ಷ', 'ತಬ್ಬಲಿ' ಎರಡೂ ಭೈರಪ್ಪನವರವು. ಒಬ್ಬರೇ ಮಾಡಿದ 'ಕಾಡು' ಶ್ರೀಕೃಷ್ಣ ಆಲನಹಳ್ಳಿಯವರದು, 'ಕಾನೂರು' ಕುವೆಂಪು ಅವರದು. ಈ ಕಾರಂತರನ್ನು ಶಿವರಾಮ ಕಾರಂತರು ಅಂದುಕೊಂಡರೆ ಕೆಟ್ಟಿರಿ. 'ಚೋಮನ ದುಡಿ'ಯಲ್ಲಂತೂ ಇಬ್ಬರೂ ಇದ್ದಾರೆ: ಕಾದಂಬರಿ ಶಿವರಾಮ ಕಾರಂತರದು, ನಿರ್ದೇಶನ ಬಿ.ವಿ. ಕಾರಂತರದು.

ಮೂರನೇ ತಪ್ಪಿಗೆ ಕಾರಣ ನಮ್ಮ ಕನ್ನಡವೇ. '1974-75ರಲ್ಲಿ ಪುಣೆಯಲ್ಲಿ ನಿರ್ದೇಶಕರಾಗಿದ್ದರು' ಅಂತ ನೋಟ್ಸಿನಲ್ಲಿತ್ತು. ಅಲ್ಲಿ ಯಾವ ಸಿನಿಮಾ ಮಾಡಿದರು ಅಂತ ಹುಡುಕುತ್ತಾ ಕೂತೆ. ಅವರು ಅಲ್ಲಿನ ಫಿಲ್ಮ್ ಇನ್‌ಸ್ಟಿಟ್ಯೂಟಿನ ಮುಖ್ಯಸ್ಥರಾಗಿದ್ದರು ಅಷ್ಟೆ. 2000ದಿಂದ 2003ರವರೆಗೆ ಲಂಡನ್ನಿನ ನೆಹರೂ ಸೆಂಟರಿಗೂ ಹೀಗೇ ನಿರ್ದೇಶಕರು. ನಾನು ಈಗ ಇಂಥ ಕಡೆಯೆಲ್ಲ 'ನಿರ್ದೇಶಕ' ಹೊಡೆದುಹಾಕಿ 'ಕುರ್ಚಿ' ಅಂತ ಪೆನ್ಸಿಲ್ಲಿನಲ್ಲಿ ಬರೆದುಕೊಂಡಿದ್ದೇನೆ.

ಬೇಂದ್ರೆಯವರ ಮೇಲಿನ ಸಾಕ್ಷ್ಯಚಿತ್ರ 1972. ಅದು ಮಾತ್ರ ಕುರ್ಚಿ ಅಲ್ಲ, ಕ್ಯಾಮೆರಾ.