ಸಾಲ್ಮನ್, ಲಂಗ್‌ಫಿಶ್, ಹಸು: ವಂಶವೃಕ್ಷ ಓದಲು ಕಲಿತ ಕಥೆ

ಸಾಲ್ಮನ್ ಮೀನು, ಲಂಗ್‌ಫಿಶ್ ಎಂಬ ಇನ್ನೊಂದು ಮೀನು, ಮತ್ತೆ ಒಂದು ಹಸು. ಈ ಮೂರರಲ್ಲಿ ಹತ್ತಿರದ ಸಂಬಂಧಿಗಳು ಯಾವ ಎರಡು? ಹೆಚ್ಚಿನವರು ತಡವರಿಸದೆ ಹೇಳುವ ಉತ್ತರ ಒಂದೇ: ಮೀನಿಗೆ ಮೀನೇ ಹತ್ತಿರ, ಹಸುವಿಗೆ ಅಲ್ಲೇನು ಕೆಲಸ? ಎರಡಕ್ಕೂ ಈಜುರೆಕ್ಕೆಯಿದೆ, ಕಿವಿರಿದೆ, ಮೈತುಂಬ ಹುರುಪೆಯಿದೆ. ಸರಿಯುತ್ತರ ಮಾತ್ರ ಬೇರೆ. ಲಂಗ್‌ಫಿಶ್‌ಗೆ ಸಾಲ್ಮನ್‌ಗಿಂತ ಹಸುವೇ ಹತ್ತಿರ. 1978-79ರಲ್ಲಿ ‘ನೇಚರ್’ ಪತ್ರಿಕೆಯ ಪುಟಗಳಲ್ಲಿ ವಿಜ್ಞಾನಿಗಳು ಇದೇ ಮೂರು ಪ್ರಾಣಿಗಳನ್ನು ಮುಂದಿಟ್ಟುಕೊಂಡು ಜಟಾಪಟಿ ನಡೆಸಿದ್ದರು. ಜಗಳವಿದ್ದದ್ದು ಸಂಬಂಧ ಅಂದರೆ ಏನು, ಅದನ್ನು ಅಳೆಯುವುದು ಹೇಗೆ ಎಂಬುದರ ಮೇಲೆ.

ನೆಂಟಸ್ತನ ಮದುವೆಯಿಂದಲೂ ಬರುತ್ತದೆ. ಜೀವವಿಕಾಸದ ಲೆಕ್ಕಕ್ಕೆ ಬೇಕಾದದ್ದು ದಾಯಾದಿತನ. ಯಾರು ಯಾರನ್ನು ಹೋಲುತ್ತಾರೆ ಎನ್ನುವುದು ಅಲ್ಲಿ ನಡೆಯುವುದಿಲ್ಲ. ಯಾರ ಮೂಲಪುರುಷ ಎಷ್ಟು ತಲೆಮಾರು ಹಿಂದೆ ಸಿಗುತ್ತಾನೆ ಎಂದು ನೋಡಬೇಕು. ಲಂಗ್‌ಫಿಶ್ ಮತ್ತು ಹಸುವಿನ ಸಮಾನ ಪೂರ್ವಜ ಬದುಕಿದ್ದದ್ದು 40 ಕೋಟಿ ವರ್ಷಗಳಿಗೂ ಹಿಂದೆ. ಸಾಲ್ಮನ್‌ನ ಕವಲು ಅದಕ್ಕೂ ಮೊದಲೇ ಒಡೆದುಹೋಗಿತ್ತು. ಆಮೇಲೆ ಹಸುವಿನ ಕಡೆಯವರು ನೆಲಕ್ಕೆ ಹತ್ತಿ ಗುರುತೇ ಸಿಗದಷ್ಟು ಬದಲಾದರು, ಲಂಗ್‌ಫಿಶ್ ನೀರಲ್ಲೇ ಉಳಿಯಿತು. ವೇಷ ಬದಲಾದ ಮಾತ್ರಕ್ಕೆ ವಂಶ ಬದಲಾಗುವುದಿಲ್ಲವಲ್ಲ.

ಪ್ರಭೇದಗಳ ವಂಶವೃಕ್ಷದಲ್ಲಿ ತುದಿಗಳ ಮೇಲೆ ಪ್ರಾಣಿಗಳ ಹೆಸರು ಬರೆದಿರುತ್ತದಾದ್ದರಿಂದ ಕಣ್ಣು ಮೊದಲು ಅಲ್ಲಿಗೇ ಹೋಗುತ್ತದೆ. ಎಡತುದಿಯಲ್ಲಿ ಮೀನು, ಬಲತುದಿಯಲ್ಲಿ ಮನುಷ್ಯ, ನಡುವೆ ಕಪ್ಪೆ, ಹಲ್ಲಿ, ಇಲಿ. ನೋಡಿದವರು ಎಡದಿಂದ ಬಲಕ್ಕೆ ಮೆಟ್ಟಿಲು ಹತ್ತಿಬಿಡುತ್ತಾರೆ. ಆದರೆ ಸುದ್ದಿಯೆಲ್ಲ ಇರುವುದು ಕವಲುಗಳಲ್ಲಿ. ಯಾವುದೇ ಕವಲನ್ನು ಹಿಡಿದು ಅದರ ಎರಡು ಟಿಸಿಲುಗಳನ್ನು ಅದಲುಬದಲು ಮಾಡಿ: ಮನುಷ್ಯ ಎಡಕ್ಕೆ ಬರುತ್ತಾನೆ, ಮೀನು ಬಲಕ್ಕೆ ಹೋಗುತ್ತದೆ, ಮರದ ಅರ್ಥ ಕೂದಲೆಳೆಯಷ್ಟೂ ಬದಲಾಗುವುದಿಲ್ಲ. ‘ಮಂಗನಿಂದ ಮಾನವನಾದ ಮೇಲೆ ಮಂಗಗಳು ಇನ್ನೂ ಏಕಿವೆ’ ಎಂಬ ಹಳೇ ಪ್ರಶ್ನೆ ಹುಟ್ಟುವುದೂ ಮರವನ್ನು ಏಣಿಯಾಗಿ ಓದುವುದರಿಂದಲೇ. ‘ನೀನಿದ್ದೀಯಲ್ಲ, ಮತ್ತೆ ನಿನ್ನ ಚಿಕ್ಕಪ್ಪನ ಮಗ ಇನ್ನೂ ಏಕಿದ್ದಾನೆ’ ಎಂದು ಕೇಳಿದ ಹಾಗೆ.

ಏಣಿಯ ಚಿತ್ರ ಮರಕ್ಕಿಂತ ಬಹಳ ಹಳೆಯದು. ಕೆಳಗೆ ಕಲ್ಲುಮಣ್ಣು, ಮೇಲೆ ಗಿಡ, ಅದರ ಮೇಲೆ ಪ್ರಾಣಿ, ಎಲ್ಲಕ್ಕೂ ಮೇಲೆ ಮನುಷ್ಯ ಎಂಬ ಶ್ರೇಣಿ ಯುರೋಪಿನ ವಿದ್ವಾಂಸರ ತಲೆಯಲ್ಲಿ ಶತಮಾನಗಳಿಂದ ಕೂತಿತ್ತು. 1735ರಲ್ಲಿ ಸ್ವೀಡನ್ನಿನ ಸಸ್ಯಶಾಸ್ತ್ರಜ್ಞ ಲಿನೇಯಸ್ ಜೀವಿಗಳನ್ನು ಪೆಟ್ಟಿಗೆಯೊಳಗೆ ಪೆಟ್ಟಿಗೆಯಿಟ್ಟಂತೆ ವರ್ಗೀಕರಿಸಿದ. ಅವನ ಪೆಟ್ಟಿಗೆಗಳಿಗೆ ಕಾಲದ ಹಂಗಿರಲಿಲ್ಲ. 1809ರಲ್ಲಿ ಫ್ರಾನ್ಸಿನ ಪ್ರಾಣಿಶಾಸ್ತ್ರಜ್ಞ ಲಾಮಾರ್ಕ್ ತನ್ನ ಪುಸ್ತಕದಲ್ಲಿ ಚುಕ್ಕೆಗಳ ಸಾಲುಗಳಿಂದ ಮೇಲಿನಿಂದ ಕೆಳಕ್ಕೆ ಕವಲೊಡೆಯುವ ಪ್ರಾಣಿಗಳ ನಕ್ಷೆಯೊಂದನ್ನು ಅಚ್ಚು ಹಾಕಿಸಿದ. ಮರದ ಕಲ್ಪನೆ ಡಾರ್ವಿನ್ ಒಬ್ಬನ ಸೊತ್ತೇನೂ ಅಲ್ಲ.

ಆದರೂ ಡಾರ್ವಿನ್‌ನ ಗೀಚುಚಿತ್ರದ ಮುಂದೆ ಸ್ವಲ್ಪ ಹೊತ್ತು ನಿಲ್ಲಬೇಕು. 1837. ಅವನಿಗೆ 28 ವರ್ಷ, ಬೀಗಲ್ ಹಡಗಿನ ಪ್ರವಾಸ ಮುಗಿಸಿ ಬಂದು ಒಂದು ವರ್ಷವೂ ತುಂಬಿರಲಿಲ್ಲ. ‘ಬಿ’ ಎಂದು ಹೆಸರಿಟ್ಟ ಜೇಬು ಪುಸ್ತಕದ 36ನೇ ಪುಟದ ಮೇಲ್ಭಾಗದಲ್ಲಿ ‘ನನಗನ್ನಿಸುವುದು’ ಎಂದು ಬರೆದು, ವಾಕ್ಯವನ್ನು ಅಲ್ಲಿಗೇ ಬಿಟ್ಟು, ಕೆಳಗೆ ಒಂದು ಪೊದೆ ಗೀಚಿದ. ಬುಡದಲ್ಲಿ 1 ಎಂಬ ಅಂಕಿ. ಕೆಲವು ರೆಂಬೆಗಳ ತುದಿಗೆ ಅಡ್ಡಗೀಟು, ಅಲ್ಲಿ ಎ, ಬಿ, ಸಿ, ಡಿ ಅಕ್ಷರಗಳು. ಇವು ಈಗ ಬದುಕಿರುವವು. ಅಡ್ಡಗೀಟು ಇಲ್ಲದ ರೆಂಬೆಗಳು ಅಳಿದುಹೋದವು. ಪಕ್ಕದಲ್ಲಿ ಟಿಪ್ಪಣಿ: ಎಗೂ ಬಿಗೂ ನಡುವೆ ಅಗಾಧ ಅಂತರ, ಸಿಗೂ ಬಿಗೂ ಬಹಳ ಸೂಕ್ಷ್ಮ ವ್ಯತ್ಯಾಸ. ಮೀನಿಗೂ ಹಕ್ಕಿಗೂ ನಡುವಿನ ಕಂದಕ ಎಲ್ಲಿಂದ ಬಂತು ಎಂಬುದಕ್ಕೆ ಅಲ್ಲೇ ಉತ್ತರವಿದೆ. ಕಂದಕವನ್ನು ಯಾರೂ ತೋಡಿದ್ದಲ್ಲ. ನಡುವಿನ ರೆಂಬೆಗಳು ಒಣಗಿಹೋದವು, ಅಷ್ಟೆ. ಅದೇ ಪುಸ್ತಕದಲ್ಲಿ ಕೆಲವು ಪುಟಗಳ ಹಿಂದೆ, ಇದನ್ನು ಜೀವದ ಮರ ಎನ್ನುವ ಬದಲು ಜೀವದ ಹವಳ ಎನ್ನಬೇಕೇನೋ ಎಂದೂ ಬರೆದಿದ್ದ. ಹವಳದಲ್ಲಿ ಬುಡವೆಲ್ಲ ಸತ್ತಿರುತ್ತದೆ, ತುದಿ ಮಾತ್ರ ಜೀವಂತ. ನನ್ನನ್ನು ಕೇಳಿದರೆ ಹವಳವೇ ಹೆಚ್ಚು ಒಪ್ಪುವ ಉಪಮೆ. ಮರ ಗೆದ್ದಿತು, ಏನು ಮಾಡುವುದು!

(ಆ ಜೇಬು ಪುಸ್ತಕ ಕೇಂಬ್ರಿಜ್ ವಿಶ್ವವಿದ್ಯಾಲಯದ ಗ್ರಂಥಾಲಯದಿಂದ ಎರಡು ದಶಕ ಕಾಣೆಯಾಗಿತ್ತು. 2022ರ ಮಾರ್ಚ್‌ನಲ್ಲಿ ಗುಲಾಬಿ ಬಣ್ಣದ ಉಡುಗೊರೆ ಚೀಲದಲ್ಲಿ, ಈಸ್ಟರ್ ಶುಭಾಶಯದ ಚೀಟಿಯ ಸಮೇತ, ಯಾರೋ ತಂದಿಟ್ಟು ಹೋದರು.)

1859ರಲ್ಲಿ ಹೊರಬಂದ ‘ಪ್ರಭೇದಗಳ ಉಗಮ’ದಲ್ಲಿ ಇರುವುದು ಒಂದೇ ಒಂದು ಚಿತ್ರ, ಅದೂ ಕವಲು ನಕ್ಷೆಯೇ. ಅದರಲ್ಲಿ ಡಾರ್ವಿನ್ ಯಾವ ಪ್ರಾಣಿಯ ಹೆಸರನ್ನೂ ಬರೆಯಲಿಲ್ಲ, ಬರೀ ಅಕ್ಷರಗಳು. ಆ ಸಂಯಮ ಜರ್ಮನಿಯ ಅರ್ನ್ಸ್ಟ್ ಹೆಕೆಲ್‌ಗೆ ಇರಲಿಲ್ಲ. ಜೀವಿಗಳ ವಂಶಾವಳಿ ಹುಡುಕುವ ಈ ಶಾಸ್ತ್ರಕ್ಕೆ ‘ಫೈಲೋಜೆನಿ’ ಎಂಬ ಹೆಸರು ಕೊಟ್ಟವನೇ ಅವನು, 1866ರಲ್ಲಿ. 1874ರಲ್ಲಿ ಅವನು ಬರೆದ ಮರಕ್ಕೆ ದಪ್ಪ ತೊಗಟೆ, ಗಂಟುಗಂಟಾದ ಕಾಂಡ, ನೆತ್ತಿಯಲ್ಲಿ ಮನುಷ್ಯ. ನೋಡಲು ಚಂದ. ಆದರೆ ಮರದ ವೇಷದಲ್ಲಿ ಹಳೆಯ ಏಣಿಯೇ ಒಳಗೆ ಬಂದಿತ್ತು. ಪಠ್ಯಪುಸ್ತಕಗಳ ಚಿತ್ರಗಳಿಂದ ಅದು ಇವತ್ತಿಗೂ ಪೂರ್ತಿ ಇಳಿದುಹೋಗಿಲ್ಲ.

ಇದಕ್ಕಿಂತ ದೊಡ್ಡ ತೊಡಕು ಇನ್ನೊಂದಿತ್ತು. ಸೇಂಟ್ ಜಾರ್ಜ್ ಮಿವರ್ಟ್ ಎಂಬ ಇಂಗ್ಲಿಷ್ ಪ್ರಾಣಿಶಾಸ್ತ್ರಜ್ಞ 1865ರಲ್ಲಿ ವಾನರ ವರ್ಗದ ಬೆನ್ನೆಲುಬುಗಳನ್ನು ಪರೀಕ್ಷಿಸಿ ಒಂದು ಮರ ಬರೆದ. ಎರಡು ವರ್ಷದ ನಂತರ ಅವೇ ಪ್ರಾಣಿಗಳ ಕೈಕಾಲಿನ ಮೂಳೆಗಳನ್ನು ನೋಡಿ ಇನ್ನೊಂದು ಬರೆದ. ಎರಡೂ ಒಂದಕ್ಕೊಂದು ತಾಳೆಯಾಗಲಿಲ್ಲ. ಬೆನ್ನು ಒಂದು ಸಾಕ್ಷಿ ಹೇಳುತ್ತದೆ, ಕಾಲು ಇನ್ನೊಂದು ಹೇಳುತ್ತದೆ, ಯಾವುದನ್ನು ನಂಬುವುದು? ಮುಂದಿನ ಎಂಬತ್ತು ವರ್ಷ ಇದಕ್ಕೆ ಇದ್ದ ಉತ್ತರ, ಅನುಭವಸ್ಥ ಪಂಡಿತರ ಅಂದಾಜನ್ನು ನಂಬುವುದು.

ಅಂದಾಜಿನ ಜಾಗಕ್ಕೆ ನಿಯಮ ತಂದವನು ವಿಲ್ಲಿ ಹೆನ್ನಿಗ್, ಜರ್ಮನಿಯ ನೊಣಗಳ ತಜ್ಞ. ಎರಡನೇ ಮಹಾಯುದ್ಧದ ಕೊನೆಗೆ ಇಟಲಿಯಲ್ಲಿ ಬ್ರಿಟಿಷರ ಯುದ್ಧಕೈದಿಯಾಗಿದ್ದಾಗ ತನ್ನ ಸಿದ್ಧಾಂತದ ಕರಡನ್ನು ಬರೆದ. ಅದು 1950ರಲ್ಲಿ ಜರ್ಮನ್ ಭಾಷೆಯಲ್ಲಿ ಪ್ರಕಟವಾಯಿತು. 1966ರಲ್ಲಿ ಇಂಗ್ಲಿಷಿಗೆ ಬಂದ ಮೇಲಷ್ಟೇ ಜಗತ್ತು ತಿರುಗಿ ನೋಡಿದ್ದು. ಅವನು ಹೇಳಿದ್ದು ಕೇಳಲು ಸರಳ: ಹಳೆಯ ಲಕ್ಷಣಗಳ ಹೋಲಿಕೆಯನ್ನು ಲೆಕ್ಕಕ್ಕೆ ಹಿಡಿಯಬೇಡಿ, ಹೊಸದಾಗಿ ಬಂದು ಹಂಚಿಕೊಂಡ ಲಕ್ಷಣಗಳನ್ನು ಮಾತ್ರ ಹಿಡಿಯಿರಿ. ಸಾಲ್ಮನ್‌ಗೂ ಲಂಗ್‌ಫಿಶ್‌ಗೂ ಹುರುಪೆಯಿದೆ, ನಿಜ. ಆದರೆ ಅದು ಮೂವರ ಮೂಲಪುರುಷನಿಗೂ ಇದ್ದ ಆಸ್ತಿ. ಹಸುವಿನ ಕಡೆಯವರು ಅದನ್ನು ಕಳೆದುಕೊಂಡರು ಅಷ್ಟೆ. ಲಂಗ್‌ಫಿಶ್‌ನ ಈಜುರೆಕ್ಕೆಯನ್ನು ಸೀಳಿ ನೋಡಿದರೆ ಭುಜದ ಹತ್ತಿರ ಒಂದೇ ಒಂದು ಮೂಳೆ. ಹಸುವಿನ ಮುಂಗಾಲಲ್ಲೂ, ನಮ್ಮ ತೋಳಲ್ಲೂ ಹಾಗೆಯೇ. ಸಾಲ್ಮನ್‌ನಲ್ಲಿ ಹಾಗಿಲ್ಲ. ಇದು ಆಮೇಲೆ ಬಂದ ಗುರುತು. ಶ್ವಾಸಕೋಶವನ್ನೇ ಸಾಕ್ಷಿಯಾಗಿ ಹಿಡಿಯಬಹುದಲ್ಲ ಎನ್ನಿಸುತ್ತದೆ, ‘ಲಂಗ್’ ಅಂದರೆ ಶ್ವಾಸಕೋಶ ಎಂದು ಹೆಸರಲ್ಲೇ ಇದೆ. ಅದು ಸಲ್ಲದು. ಶ್ವಾಸಕೋಶ ಮೂವರ ಪೂರ್ವಜನಿಗೂ ಇತ್ತು, ಸಾಲ್ಮನ್ ವಂಶದಲ್ಲಿ ಅದೇ ನೀರಲ್ಲಿ ತೇಲಲು ನೆರವಾಗುವ ಗಾಳಿಚೀಲವಾಯಿತು.

ಹೆನ್ನಿಗ್‌ನ ನಿಯಮದ ಇನ್ನೊಂದು ಅರ್ಧ ಹಲವರಿಗೆ ನುಂಗಲಾರದ ತುತ್ತಾಯಿತು. ಕೊಂಬೆಯನ್ನು ಒಂದೇ ಕಡೆ ಕಡಿದಾಗ ಕೈಗೆ ಬರುವುದೆಲ್ಲ ಸೇರಿ ಒಂದು ಗುಂಪು. ಅದರಿಂದ ಬೇಡವಾದ ಟಿಸಿಲನ್ನು ಕಿತ್ತುಹಾಕುವಂತಿಲ್ಲ. ಮೊಸಳೆಗೆ ಹಲ್ಲಿಗಿಂತ ಹಕ್ಕಿ ಹತ್ತಿರ. ಹಾಗಾಗಿ ಹಕ್ಕಿಯನ್ನು ಹೊರಗಿಟ್ಟು ‘ಸರೀಸೃಪ’ ಎನ್ನುವುದು ವಂಶದ ಲೆಕ್ಕದಲ್ಲಿ ಅರೆಬರೆ ಗುಂಪು. ಮೀನಿನ ಪಾಡು ಇನ್ನೂ ಕಷ್ಟ: ಹಸುವನ್ನೂ ನಮ್ಮನ್ನೂ ಒಳಗೆ ಸೇರಿಸಿಕೊಳ್ಳದಿದ್ದರೆ ಅದು ಗುಂಪೇ ಅಲ್ಲ. ‘ನೇಚರ್’ ಪುಟಗಳಲ್ಲಿ ಹೊತ್ತಿದ ಬೆಂಕಿ ಇದೇ.

ಅಷ್ಟರಲ್ಲಿ ಮೂಳೆಗಳ ಪಕ್ಕದಲ್ಲಿ ಅಣುಗಳು ಬಂದು ಕೂತಿದ್ದವು. ಎಲ್ಲ ಜೀವಿಗಳಲ್ಲೂ ಇರುವ ಒಂದು ಪ್ರೋಟೀನ್ ಅಥವಾ ಜೀನ್ ತೆಗೆದುಕೊಂಡು, ಅದರ ಅಕ್ಷರಗಳನ್ನು (ಅದನ್ನು ಕಟ್ಟಿರುವ ಘಟಕಗಳಿಗೆ ಒಂದೊಂದು ಅಕ್ಷರದ ಗುರುತಿದೆ) ಒಂದರ ಕೆಳಗೊಂದು ಸಾಲಾಗಿ ಬರೆದುಕೊಳ್ಳುವುದು ಈ ವಿಧಾನ. ಅ, ಆ, ಇ ಎಂಬ ಮೂರು ಪ್ರಭೇದಗಳು, ಜೊತೆಗೆ ಹೋಲಿಕೆಗೆಂದು ದೂರದ ಒಬ್ಬ ಹೊರಗಿನವನು ಎಂದುಕೊಳ್ಳಿ. ಐದನೇ ಸ್ಥಾನದಲ್ಲಿ ಹೊರಗಿನವನಿಗೂ ಇಗೂ ‘ಜಿ’ ಇದೆ, ಅ ಮತ್ತು ಆಗೆ ‘ಎ’ ಇದೆ. ಜಿ ಹಳೆಯದು, ಎ ಹೊಸದು; ಅ ಮತ್ತು ಆ ಒಂದೇ ಕವಲಿನವರು ಎಂಬುದಕ್ಕೆ ಒಂದು ಸಾಕ್ಷಿ. ಒಂಬತ್ತನೇ ಸ್ಥಾನದಲ್ಲಿ ಇಗೆ ಮಾತ್ರ ‘ಟಿ’: ಇ ಬದಲಾಯಿತು ಎಂದಷ್ಟೇ ತಿಳಿಯಿತು, ಯಾರಿಗೆ ಯಾರು ಹತ್ತಿರ ಎಂಬುದಕ್ಕೆ ಅದರಿಂದ ಉಪಯೋಗವಿಲ್ಲ. ಹೆನ್ನಿಗ್‌ನ ಮಾತೇ, ಮೂಳೆಯ ಬದಲು ಅಕ್ಷರದಲ್ಲಿ.

1967ರಲ್ಲಿ ವಾಲ್ಟರ್ ಫಿಚ್ ಮತ್ತು ಇಮ್ಯಾನ್ಯುಯೆಲ್ ಮಾರ್ಗೋಲಿಯಾಶ್ 20 ಜೀವಿಗಳ ‘ಸೈಟೋಕ್ರೋಮ್ ಸಿ’ ಪ್ರೋಟೀನನ್ನು ಹೀಗೆ ಸಾಲಿಟ್ಟು ಕಂಪ್ಯೂಟರಿನಲ್ಲಿ ಮರ ಕಟ್ಟಿದರು. ಮೂಳೆ ನೋಡದೆ ಕಟ್ಟಿದ ಮರ ಬಹುಮಟ್ಟಿಗೆ ಹಳೆಯ ಮರಕ್ಕೇ ಹೊಂದಿಕೊಂಡಿತು. ಹೊಂದದ ಕಡೆಗಳೇ ಹೆಚ್ಚು ಸ್ವಾರಸ್ಯ. ಅವರ ಮರದಲ್ಲಿ ಆಮೆ ಹಾವಿನ ಪಕ್ಕ ಬರುವ ಬದಲು ಹಕ್ಕಿಗಳ ಪಕ್ಕ ಹೋಗಿ ಕೂತಿತ್ತು. ಕಾಂಗರೂಗಿಂತ ಮೊದಲೇ ಮನುಷ್ಯನ ಕೊಂಬೆ ಉಳಿದ ಸಸ್ತನಿಗಳಿಂದ ಬೇರೆಯಾಗಿತ್ತು. ಎರಡೂ ಆಗ ಎಡವಟ್ಟುಗಳಂತೆ ಕಂಡವು. ಎರಡನೆಯದು ನಿಜಕ್ಕೂ ಎಡವಟ್ಟೇ. ಒಂದೇ ಪ್ರೋಟೀನಿನ ಮೇಲೆ ಭಾರ ಹಾಕಿದರೆ ಹಾಗಾಗುತ್ತದೆ. ಆದರೆ ಆಮೆಯ ವಿಷಯದಲ್ಲಿ ಇಂದಿನ ಜೀನೋಮ್ (ಜೀವಿಯ ಜೀನುಗಳ ಇಡೀ ಕಟ್ಟು) ಅಧ್ಯಯನಗಳು ಹೇಳುವುದೂ ಅದನ್ನೇ: ಆಮೆಗೆ ಹಾವಿಗಿಂತ ಹಕ್ಕಿ, ಮೊಸಳೆ ಹತ್ತಿರ.

ಅದೇ ವರ್ಷ ವಿನ್ಸೆಂಟ್ ಸಾರಿಚ್ ಮತ್ತು ಅಲನ್ ವಿಲ್ಸನ್ ಹೆಚ್ಚುಕಡಿಮೆ ಒಂದೇ ವೇಗದಲ್ಲಿ ಬೆಳೆಯುವ ರಕ್ತದ ಪ್ರೋಟೀನುಗಳ ವ್ಯತ್ಯಾಸವನ್ನೇ ಗಡಿಯಾರ ಮಾಡಿಕೊಂಡು, ಮನುಷ್ಯ ಮತ್ತು ಚಿಂಪಾಂಜಿ ಬೇರೆಯಾದದ್ದು ಸುಮಾರು 50 ಲಕ್ಷ ವರ್ಷಗಳ ಹಿಂದೆ ಎಂದರು. ಪಳೆಯುಳಿಕೆ ಪಂಡಿತರು ಕೆರಳಿದರು. ರಾಮಾಪಿಥೆಕಸ್ ಎಂಬ ಅಳಿದುಹೋದ ವಾನರನ ದವಡೆಯನ್ನು ತೋರಿಸಿ, 1.4 ಕೋಟಿ ವರ್ಷಗಳ ಹಿಂದೆಯೇ ಮನುಷ್ಯನ ಕೊಂಬೆ ಇತ್ತು ಎಂದು ಅವರು ವಾದಿಸುತ್ತಿದ್ದ ಕಾಲ ಅದು. ಮುಂದೆ ಇನ್ನಷ್ಟು ಪಳೆಯುಳಿಕೆಗಳು ಸಿಕ್ಕಮೇಲೆ ಆ ದವಡೆ ಒರಾಂಗುಟಾನ್ ಕಡೆಯದೆಂದು ಗೊತ್ತಾಯಿತು.

ಸರಿಯಾದ ಮರವನ್ನು ಹುಡುಕುವುದು ಎಷ್ಟು ಕಷ್ಟ ಎಂಬುದನ್ನು ಅಂಕಿಗಳೇ ಹೇಳುತ್ತವೆ. ಮೂರು ಪ್ರಭೇದಗಳಿದ್ದರೆ ಬೇರುಳ್ಳ (ಮೂಲ ಪೂರ್ವಜ ಎಲ್ಲಿ ಎಂದು ಗುರುತಿಸಿದ) ಮರಗಳು 3 ಬಗೆ, ನಾಲ್ಕಿದ್ದರೆ 15, ಐದಿದ್ದರೆ 105. ಹತ್ತಕ್ಕೆ ಬರುವಷ್ಟರಲ್ಲಿ 3,44,59,425. ಇಪ್ಪತ್ತಕ್ಕೆ 82ರ ಮುಂದೆ ಇಪ್ಪತ್ತು ಸೊನ್ನೆ ಹಾಕಿದಷ್ಟು. ಎಲ್ಲವನ್ನೂ ಪರೀಕ್ಷಿಸಲು ಯಾವ ಕಂಪ್ಯೂಟರಿನಿಂದಲೂ ಆಗದು. ಜಾಣ ಅಡ್ಡದಾರಿಗಳು ಬೇಕು. ಇವತ್ತಿನ ಮರಗಳ ಕವಲುಗಳ ಮೇಲೆ 98, 71 ಎಂಬಂತಹ ಅಂಕಿಗಳು ಕಾಣುತ್ತವೆ. ಜೋಸೆಫ್ ಫೆಲ್ಸೆನ್‌ಸ್ಟೈನ್ 1985ರಲ್ಲಿ ತಂದ ಪದ್ಧತಿಯದು. ಅಕ್ಷರಗಳ ಕಂಬಸಾಲುಗಳನ್ನು ಚೀಟಿ ಎತ್ತಿದಂತೆ ಮತ್ತೆಮತ್ತೆ ಎತ್ತಿ ಮರ ಕಟ್ಟಿದಾಗ, ನೂರಕ್ಕೆ ಎಷ್ಟು ಸಲ ಅದೇ ಕವಲು ಬಂತು ಎಂಬ ಲೆಕ್ಕ. 71 ಎಂದರೆ ಆ ಕವಲಿನ ಮೇಲೆ ಪಣ ಕಟ್ಟುವ ಮುನ್ನ ಇನ್ನೊಮ್ಮೆ ಯೋಚಿಸಿ ಎಂದರ್ಥ.

1977ರಲ್ಲಿ ಕಾರ್ಲ್ ವೋಸ್ ಮತ್ತು ಜಾರ್ಜ್ ಫಾಕ್ಸ್ ಮರದ ಬುಡವನ್ನೇ ಬದಲಾಯಿಸಿದರು. ವೋಸ್ ವರ್ಷಗಟ್ಟಲೆ ದೀಪದ ಪೆಟ್ಟಿಗೆಯ ಮೇಲೆ ಫಿಲ್ಮ್ ಹರಡಿಕೊಂಡು, ಜೀವಕೋಶದಲ್ಲಿ ಪ್ರೋಟೀನ್ ತಯಾರಿಸುವ ರೈಬೋಸೋಮಿನ ಆರ್‌ಎನ್‌ಎ ತುಣುಕುಗಳ ಕಪ್ಪು ಚುಕ್ಕೆಗಳನ್ನು ಒಬ್ಬನೇ ಓದುತ್ತ ಕೂತಿದ್ದವನು. ಮೀಥೇನ್ ಅನಿಲ ಹೊರಬಿಡುವ ಕೆಲವು ಸೂಕ್ಷ್ಮಜೀವಿಗಳು ನೋಡಲು ಬ್ಯಾಕ್ಟೀರಿಯಾದಂತೆಯೇ ಇದ್ದರೂ ಚುಕ್ಕೆಗಳ ವಿನ್ಯಾಸದಲ್ಲಿ ಬ್ಯಾಕ್ಟೀರಿಯಾ ಅಲ್ಲವೇ ಅಲ್ಲ ಎಂದು ಅವನಿಗೆ ಕಂಡಿತು. ಇಂದು ಅವುಗಳ ಹೆಸರು ಆರ್ಕಿಯಾ. ಬರಿಗಣ್ಣಿಗೆ ಕಾಣುವ ಪ್ರಾಣಿಗಿಡಗಳೆಲ್ಲ ಈಗ ಮರದ ಒಂದು ಮೂಲೆಯ ಕೆಲವು ಟಿಸಿಲುಗಳು ಮಾತ್ರ.

ಆಮೇಲೆ ಮರವೇ ಸಾಕೇ ಎಂಬ ಪ್ರಶ್ನೆಯೂ ಬಂತು. ಬ್ಯಾಕ್ಟೀರಿಯಾಗಳು ಜೀನುಗಳನ್ನು ಮಕ್ಕಳಿಗಷ್ಟೇ ಅಲ್ಲ, ಪಕ್ಕದವರಿಗೂ ದಾಟಿಸುತ್ತವೆ. 1999ರಲ್ಲಿ ಫೋರ್ಡ್ ಡೂಲಿಟಲ್ ಇದನ್ನು ಒತ್ತಿ ಹೇಳಿ, ಬುಡದ ಹತ್ತಿರ ಮರಕ್ಕಿಂತ ಬಲೆಯ ಚಿತ್ರವೇ ಸರಿ ಎಂದ. ನಮ್ಮ ಜೀವಕೋಶದೊಳಗೆ ಶಕ್ತಿ ಒದಗಿಸುವ ಮೈಟೋಕಾಂಡ್ರಿಯ ಒಂದಾನೊಂದು ಕಾಲದಲ್ಲಿ ಸ್ವತಂತ್ರ ಬ್ಯಾಕ್ಟೀರಿಯಾ ಆಗಿತ್ತು. ಎರಡು ಕೊಂಬೆಗಳು ಅಲ್ಲಿ ಕೂಡಿಕೊಂಡಿವೆ. ಅಷ್ಟು ದೂರ ಹೋಗುವುದೂ ಬೇಡ. 2012ರಲ್ಲಿ ಗೊರಿಲ್ಲಾದ ಜೀನೋಮ್ ಓದಿದಾಗ, ಅದರ ಸುಮಾರು ಶೇ. 30 ಭಾಗದಲ್ಲಿ ಮನುಷ್ಯನಿಗೆ ಚಿಂಪಾಂಜಿ ಎಷ್ಟು ಹತ್ತಿರವೋ ಅದಕ್ಕಿಂತ ಗೊರಿಲ್ಲಾ ಇಬ್ಬರಲ್ಲೊಬ್ಬರಿಗೆ ಹತ್ತಿರವಿತ್ತು. ಒಂದೊಂದು ಜೀನಿಗೂ ತನ್ನದೇ ವಂಶಾವಳಿಯಿದೆ. ಪ್ರಭೇದದ ಮರ ಅವುಗಳ ಬಹುಮತ.

ಕವಲಿನ ವಯಸ್ಸಿಗೆ ಎಂಥ ತೂಕವಿದೆ ಎಂಬುದು ನ್ಯಾಯಾಲಯವೊಂದರ ಮುಂದೆಯೂ ಬಂತು. ಲಿಬಿಯಾದ ಬೆಂಗಾಜಿಯ ಆಸ್ಪತ್ರೆಯಲ್ಲಿ 400ಕ್ಕೂ ಹೆಚ್ಚು ಮಕ್ಕಳಿಗೆ ಎಚ್‌ಐವಿ ತಗಲಿತ್ತು. ಬೇಕೆಂದೇ ಸೋಂಕು ಹರಡಿದರೆಂದು ಬಲ್ಗೇರಿಯಾದ ಐವರು ದಾದಿಯರ ಮೇಲೂ ಪ್ಯಾಲೆಸ್ಟೀನಿನ ಒಬ್ಬ ವೈದ್ಯನ ಮೇಲೂ ಆರೋಪ ಬಿತ್ತು, ಮರಣದಂಡನೆಯ ತೀರ್ಪೂ ಬಂತು. ಅವರು ಅಲ್ಲಿಗೆ ಬಂದದ್ದು 1998ರ ಮಾರ್ಚ್‌ನಲ್ಲಿ. ವಿಜ್ಞಾನಿಗಳ ತಂಡವೊಂದು ಮಕ್ಕಳ ರಕ್ತದಲ್ಲಿದ್ದ ವೈರಸ್‌ಗಳ ವಂಶವೃಕ್ಷ ಕಟ್ಟಿ, ಕವಲುಗಳ ಕಾಲವನ್ನು ಎಣಿಸಿ, 2006ರ ಡಿಸೆಂಬರ್‌ನಲ್ಲಿ ‘ನೇಚರ್’ನಲ್ಲಿ ಪ್ರಕಟಿಸಿತು: ಆ ವೈರಸ್ ಆಸ್ಪತ್ರೆಯ ಸುತ್ತ ಹರಡತೊಡಗಿದ್ದು ಅವರು ಬರುವುದಕ್ಕೂ ಮೊದಲೇ. ಅದೇ ತಿಂಗಳು ನ್ಯಾಯಾಲಯ ಮತ್ತೊಮ್ಮೆ ಮರಣದಂಡನೆ ವಿಧಿಸಿತು. 2007ರ ಜುಲೈನಲ್ಲಿ ಶಿಕ್ಷೆ ಜೀವಾವಧಿಗೆ ಇಳಿದು, ಆರೂ ಮಂದಿಯನ್ನು ಬಲ್ಗೇರಿಯಾಕ್ಕೆ ಒಪ್ಪಿಸಲಾಯಿತು. ವಿಮಾನ ಇಳಿದ ದಿನವೇ ಅಲ್ಲಿನ ಅಧ್ಯಕ್ಷರು ಕ್ಷಮಾದಾನ ಕೊಟ್ಟರು.