ಬೂದಿ ಮುಚ್ಚಿದ ಕೆಂಡದ ಕುಲ

ಹೋಳಿ ಹುಣ್ಣಿಮೆಗೆ ಕಾಮಣ್ಣನನ್ನು ಸುಟ್ಟ ಮೇಲೆ ಆ ಬೆಂಕಿಯನ್ನು ಮನೆಗೆ ಒಯ್ಯುವ ರೂಢಿ ನಮ್ಮ ಹುಬ್ಬಳ್ಳಿ-ಗದಗ ಸೀಮೆಯ ಹಳ್ಳಿಗಳಲ್ಲಿದೆ. ಒಯ್ಯುವುದು ಉರಿಯನ್ನಲ್ಲ, ಹೊತ್ತಿಕೊಂಡ ಕುಳ್ಳಿನ ಒಂದು ತುಂಡನ್ನು. ಅದರ ಮೇಲೆ ಬೂದಿಯ ಬಿಳಿ ಪದರ ಕಟ್ಟಿರುತ್ತದೆ. ಗಾಳಿ ಸೋಕಿದ ಕಡೆ ಒಳಗಿನ ಕೆಂಪು ಒಮ್ಮೆ ಮಿನುಗಿ ಮತ್ತೆ ಮರೆಯಾಗುತ್ತದೆ. ಓಣಿ ದಾಟಿ ಮನೆ ಮುಟ್ಟುವವರೆಗೂ ಅದು ಆರುವುದಿಲ್ಲ. ಬೆಂಕಿಯಿಂದಲೇ ಬದುಕುವ ಒಂದು ಜೀವಕುಲವನ್ನು ಕಲ್ಪಿಸಿಕೊಳ್ಳಬೇಕೆಂದಾಗ ನನಗೆ ಮೊದಲು ನೆನಪಾಗುವುದು ಈ ಕುಳ್ಳಿನ ತುಂಡು. ಕಟ್ಟುಕಥೆಗಳ ಅಗ್ನಿಜೀವಿಗಳು ಮೈಯೆಲ್ಲ ಧಗಧಗಿಸುತ್ತ ಓಡಾಡುತ್ತವೆ. ಅಂಥ ಪ್ರಾಣಿ ಹೊಟ್ಟೆಗಿಲ್ಲದೆ ಸಾಯುತ್ತದೆ ಎಂಬುದನ್ನು ಸಣ್ಣದೊಂದು ಲೆಕ್ಕದಿಂದ ತೋರಿಸಬಹುದು.

ನಮ್ಮ ಕಲ್ಪನೆಯ ಜೀವಿಗೆ ಕೆಂಡಿಗ ಎಂದು ಹೆಸರಿಡೋಣ. ಅದರ ಹೊರಮೈ ಅರ್ಧ ಚದರ ಮೀಟರ್ ಇರಲಿ, ಸುತ್ತಲಿನ ಗಾಳಿ 30 ಡಿಗ್ರಿ ಸೆಲ್ಸಿಯಸ್ ಇರಲಿ. ಬಿಸಿಯಾದ ವಸ್ತು ಹೊರಸೂಸುವ ಶಾಖವು ಅದರ ನಿರಪೇಕ್ಷ ತಾಪಮಾನದ (ಮೈನಸ್ 273 ಡಿಗ್ರಿಯನ್ನು ಸೊನ್ನೆಯೆಂದು ಹಿಡಿದು ಎಣಿಸಿದ ತಾಪಮಾನದ) ನಾಲ್ಕನೆಯ ಘಾತಕ್ಕೆ ಅನುಗುಣವಾಗಿ ಏರುತ್ತದೆ. ಹಾಗಾಗಿ ತೊಗಲು 300 ಡಿಗ್ರಿ ಇದ್ದರೆ ವಿಕಿರಣವೊಂದರಿಂದಲೇ ಸುಮಾರು 2,800 ವ್ಯಾಟ್ ಸೋರಿಹೋಗುತ್ತದೆ. ಒಂದು ಕಿಲೋ ಒಣ ಕಣಿಕೆಯಿಂದ (ಜೋಳದ ದಂಟಿನಿಂದ) 15 ಮೆಗಾಜೂಲ್ ಶಕ್ತಿ ಸಿಗುತ್ತದೆಂದು ಹಿಡಿದರೆ ಈ ನಷ್ಟ ತುಂಬಲು ದಿನಕ್ಕೆ 16 ಕಿಲೋ ಕಣಿಕೆ ಬೇಕು. ಬಣವೆಗೆ ಬಣವೆಯೇ ಕರಗಿಹೋದೀತು. ಅದೇ ತೊಗಲನ್ನು ಬೂದಿಯ ದಪ್ಪ ಪದರದಿಂದ ಹೊದಿಸಿ 60 ಡಿಗ್ರಿಗೆ ಇಳಿಸಿದರೆ ನಷ್ಟ 110 ವ್ಯಾಟಿಗೆ ಇಳಿಯುತ್ತದೆ, ಮುಕ್ಕಾಲು ಕಿಲೋಗಿಂತ ಕಡಿಮೆ ಕಣಿಕೆ ಸಾಕಾಗುತ್ತದೆ. ಸುಮ್ಮನೆ ಕುಳಿತ ಮನುಷ್ಯನ ಶಕ್ತಿವ್ಯಯವೂ ಸುಮಾರು 100 ವ್ಯಾಟ್ ಎಂಬುದನ್ನು ಇಲ್ಲಿ ನೆನೆಯಬೇಕು. ನಮ್ಮ ಉಸಿರಾಟವೂ ನಿಧಾನವಾದ ದಹನವೇ ಎಂದು 1780ರ ದಶಕದಲ್ಲಿ ಫ್ರಾನ್ಸಿನ ವಿಜ್ಞಾನಿಗಳಾದ ಲವಾಸಿಯೆ ಮತ್ತು ಲಾಪ್ಲಾಸ್ ಗಿನಿಯಿಲಿಯೊಂದನ್ನು ಮಂಜುಗಡ್ಡೆಯ ನಡುವೆ ಇರಿಸಿ, ಕರಗಿದ ನೀರನ್ನು ತೂಗಿ ತೋರಿಸಿದ್ದರು.

ಬೂದಿಯಷ್ಟೇ ಮುಖ್ಯವಾದದ್ದು ಉರಿಯುವ ಬಗೆ. ಸೌದೆ ಕಾದಾಗ ಹೊರಬರುವ ಅನಿಲಗಳು ಗಾಳಿಯಲ್ಲಿ ಉರಿದರೆ ಅದು ಜ್ವಾಲೆ. ಆಮ್ಲಜನಕವೇ ಇದ್ದಿಲಿನ ಮೈಮುಟ್ಟಿ ಅಲ್ಲೇ ಸುಟ್ಟರೆ ಅದು ಕೆಂಡ. ಕೆಂಡಕ್ಕೆ ಗಾಳಿ ಕಡಿಮೆ ಸಾಕು, ಅದು ಹರಡುವುದೂ ತೀರ ನಿಧಾನ. ಜಾರ್ಖಂಡದ ಝರಿಯಾದಲ್ಲಿ 1916ರಲ್ಲಿ ಕಂಡುಬಂದ ಕಲ್ಲಿದ್ದಲು ಗಣಿಯ ಬೆಂಕಿ ನೆಲದೊಳಗೆ ನೂರು ವರ್ಷ ಮೀರಿ ಬಾಳಿದ್ದು ಈ ಗುಣದಿಂದಲೇ. ಕೆಂಡಿಗನ ಶ್ವಾಸಕೋಶವೆಂದರೆ ಕಮ್ಮಾರನ ತಿದಿ. ಓಡಬೇಕಾದಾಗ ಒಳಗಿನ ಇದ್ದಿಲಿಗೆ ಗಾಳಿ ಊದಿಕೊಳ್ಳುತ್ತದೆ, ಮಲಗುವಾಗ ಗಾಳಿಕಿಂಡಿಗಳನ್ನು ಬಿಗಿದುಕೊಳ್ಳುತ್ತದೆ.

ಇಂಥ ಜೀವಿಗೆ ನಾನು ಆರಿಸಿಕೊಳ್ಳುವ ನೆಲೆ ಗದಗ ಜಿಲ್ಲೆಯ ಕಪ್ಪತಗುಡ್ಡ. ಬೇಸಿಗೆಯಲ್ಲಿ ಒಣಗಿ ನಿಲ್ಲುವ ಹುಲ್ಲು, ಗಾಳಿಯಂತ್ರಗಳನ್ನು ತಿರುಗಿಸುವಷ್ಟು ಬೀಸುವ ಗಾಳಿ, ಕಬ್ಬಿಣದ ಅಂಶ ತುಂಬಿದ ಕೆಂಪು ಕಲ್ಲು, ಮೂರೂ ಅಲ್ಲಿವೆ. (2019ರಲ್ಲಿ ವನ್ಯಜೀವಿಧಾಮವೆಂದು ಘೋಷಿತವಾದ ಆ ಗುಡ್ಡಕ್ಕೆ ಪ್ರತಿ ಬೇಸಿಗೆಯೂ ನಿಜವಾದ ಕಾಳ್ಗಿಚ್ಚಿನ ಭಯದ ಕಾಲ; ಕಲ್ಪನೆಯ ಬೆಂಕಿಯ ಹೊರತು ಬೇರೆ ಬೆಂಕಿ ಅಲ್ಲಿಗೆ ಹೋಗಕೂಡದು.) ಹುಲ್ಲಿನಲ್ಲಿ ಶಕ್ತಿಯ ಜೊತೆಗೆ ಇನ್ನೊಂದು ವಸ್ತುವೂ ಇದೆ. ಜೋಳದ ಹೊಲದಲ್ಲಿ ಅಡ್ಡಾಡಿದವರ ಕೈಯನ್ನು ಎಲೆಯಂಚು ಗೀರುವುದು ಅದರಲ್ಲಿರುವ ಸಿಲಿಕಾದ ಸೂಕ್ಷ್ಮ ಕಣಗಳಿಂದ. ಹುಲ್ಲು ಸುಟ್ಟರೂ ಅವು ಉಳಿಯುತ್ತವೆ. ಕೆಂಡಿಗನ ಬೂದಿಹೊದಿಕೆ ಅವುಗಳಿಂದಲೇ ಹೆಣೆದದ್ದಾಗಿರಬಹುದು.

ಅತ್ಯಂತ ಕಠಿಣವಾದ ಪ್ರಶ್ನೆ ನೆನಪಿನದು. ಮೊಟ್ಟೆ ಬೇಯುವ ಬಿಸಿಗೇ ನಮ್ಮ ಪ್ರೋಟೀನುಗಳು ಕೆಡುತ್ತವೆ. ಈವರೆಗೆ ತಿಳಿದ ಅತಿ ಉಷ್ಣಪ್ರಿಯ ಸೂಕ್ಷ್ಮಜೀವಿಯೂ 122 ಡಿಗ್ರಿಯ ಆಚೆಗೆ ಬೆಳೆದದ್ದಿಲ್ಲ. ಕೆಂಡದ ಮಗ್ಗುಲಲ್ಲಿ ನೆನಪು ಉಳಿಯಬೇಕಾದರೆ ಅದು ಕಲ್ಲಿನಲ್ಲಿ ಉಳಿಯಬೇಕು. ದಾರಿಯನ್ನು ಕೆಂಡವೇ ತೋರಿಸುತ್ತದೆ. ಗಾಳಿ ಸಾಲದೆ ಬೇಯುವ ಇದ್ದಿಲು ಕಾರ್ಬನ್ ಮಾನಾಕ್ಸೈಡನ್ನು ಬಿಡುತ್ತದೆ, ನಮಗೆ ವಿಷವಾದ ಈ ಅನಿಲ ಕಬ್ಬಿಣದ ಕೆಂಪು ಅದಿರಿನಿಂದ ಆಮ್ಲಜನಕವನ್ನು ಕಿತ್ತು ಅದನ್ನು ಮ್ಯಾಗ್ನಟೈಟ್ ಎಂಬ ಕಪ್ಪು ಕಾಂತೀಯ ಖನಿಜ ಮಾಡುತ್ತದೆ. ಬಿಸಿಯಾದ ಮ್ಯಾಗ್ನಟೈಟ್ 580 ಡಿಗ್ರಿಗಿಂತ ಕೆಳಗೆ ತಣಿಯುವಾಗ ತನ್ನ ಸುತ್ತಲಿನ ಕಾಂತಕ್ಷೇತ್ರದ ದಿಕ್ಕನ್ನು ಹಿಡಿದಿಟ್ಟುಕೊಳ್ಳುತ್ತದೆ. ಭೂಮಿಯ ಕಾಂತಕ್ಷೇತ್ರದ ದಿಕ್ಕು ಕಾಲದೊಂದಿಗೆ ಬದಲಾಗುತ್ತದೆ; ಸಾವಿರಾರು ವರ್ಷ ಹಳೆಯ ಒಲೆಗಳ ಮಣ್ಣನ್ನು ಅಳೆದು, ಅವು ಕೊನೆಗೆ ಉರಿದ ಕಾಲವನ್ನು ಪುರಾತತ್ವಜ್ಞರು ಅಂದಾಜು ಮಾಡುವುದು ಇದರಿಂದಲೇ. ಕೆಂಡಿಗ ಕಂಡದ್ದು, ಕಲಿತದ್ದು ಎಲ್ಲ ಈ ಕರಿಯ ಹರಳುಗಳಲ್ಲಿ ಬರೆದಿರುತ್ತದೆ. 580 ಡಿಗ್ರಿ ದಾಟಿದರೆ ಬರೆದದ್ದು ಅಳಿಸಿಹೋಗುತ್ತದೆ.

ಈ ಒಂದು ಸಂಖ್ಯೆಯಿಂದ ಅವುಗಳ ಸಮಾಜದ ನಡವಳಿಕೆಯೆಲ್ಲ ಹುಟ್ಟುತ್ತದೆ ಎಂಬುದು ನನ್ನ ವಾದ. ವಸ್ತುಗಳು ಕತ್ತಲಲ್ಲಿ ನಮ್ಮ ಕಣ್ಣಿಗೆ ಕೆಂಪಾಗಿ ಕಾಣತೊಡಗುವುದು ಸುಮಾರು 525 ಡಿಗ್ರಿಯಲ್ಲಿ. ಅದಕ್ಕಿಂತ ತಣ್ಣಗಿರುವ ಕೆಂಡಿಗ ಅವಕೆಂಪು ಕಿರಣಗಳನ್ನಷ್ಟೇ ಬೀರುತ್ತದೆ, ಕುಳಿಮಂಡಲ ಹಾವು ಬೇಟೆಯ ಬಿಸಿಯನ್ನು ಅರಿಯುವಂತೆ ಜೊತೆಯವು ಅದನ್ನು ಅರಿಯುತ್ತವೆ. ಮಾತುಕತೆಯೆಲ್ಲ ಹೊದಿಕೆಯನ್ನು ಅಲ್ಲಲ್ಲಿ ಸರಿಸಿ ತೋರುವ ಈ ಕಾಣದ ಬೆಳಕಿನಲ್ಲಿ ನಡೆಯುತ್ತದೆ. ಒಂದು ಕೆಂಡಿಗ ಸಿಟ್ಟಿನಿಂದಲೋ ಭಯದಿಂದಲೋ ನಮಗೆ ಕಾಣುವಷ್ಟು ಕೆಂಪಾಯಿತೆಂದರೆ ಅದು ಮರೆವಿನಿಂದ ಐವತ್ತು-ಅರವತ್ತು ಡಿಗ್ರಿ ದೂರದಲ್ಲಿದೆ ಎಂದು ಅರ್ಥ. ಆಗ ಬಳಗದವರು ಓಡಿಬಂದು, ತಮ್ಮ ಹೊದಿಕೆಯ ಬೂದಿಯನ್ನೇ ಕೆದರಿ ಅದರ ಗಾಳಿಕಿಂಡಿಗಳಿಗೆ ಸುರಿಯುತ್ತಾರೆ. ಪ್ರತಿಯೊಬ್ಬರೂ ತಮ್ಮ ಶಾಖವನ್ನು ಕಳೆದುಕೊಂಡು ಮಾಡುವ ಈ ಸಹಾಯಕ್ಕಿಂತ ದೊಡ್ಡ ನಂಟು ಅವರಲ್ಲಿಲ್ಲ.

ಮಳೆಗಾಲವನ್ನು ಅವರು ಗುಡ್ಡದ ಗವಿಗಳಲ್ಲಿ ಒತ್ತೊತ್ತಾಗಿ ಕಳೆಯುತ್ತಾರೆ. ಒಟ್ಟಿಗೆ ಕೂಡಿದರೆ ಗಾಳಿಗೆ ತೆರೆದ ಮೈ ಕಡಿಮೆಯಾಗುತ್ತದೆ, ಕಣಿಕೆಯೂ ಉಳಿಯುತ್ತದೆ. ಮಕ್ಕಳು ಹುಟ್ಟುವುದು ಹುಣ್ಣಿಮೆಯ ಕುಳ್ಳಿನಂತೆ, ತಾಯಿಯ ಕೆಂಡದಿಂದ ಬೇರ್ಪಟ್ಟ ಒಂದು ತುಂಡಾಗಿ. ಆ ತುಂಡಿನ ಸುತ್ತ ತಾಯಿ ಹಸಿಯ ಕೆಂಪು ಮಣ್ಣನ್ನು ಮೆತ್ತಿ, ತನ್ನ ಉಸಿರಿನಿಂದ ಅದನ್ನು ಕಪ್ಪಾಗಿಸಿ, ಮೂರು ದಿನ ಕದಲಿಸದೆ ತಣಿಯಲು ಬಿಡುತ್ತಾಳೆ. ಭೂಮಿಯ ಕಾಂತಕ್ಷೇತ್ರದ ಬಾಗು ಸೀಮೆಯಿಂದ ಸೀಮೆಗೆ ಬೇರೆಯಾದ್ದರಿಂದ ಕಪ್ಪತಗುಡ್ಡದಲ್ಲಿ ತಣಿದ ಕೂಸಿನ ಮೈಯಲ್ಲಿ ಮೊದಲು ಬರೆಯಲ್ಪಡುವ ನೆನಪು ಅದು ಹುಟ್ಟಿದ ನೆಲದ್ದೇ ಆಗಿರುತ್ತದೆ.